ಒಂದೇ ಗೂಳಿಯ ಕೊಂಬು

ತೆವ್ರಿ
ಬೂದಿ ತಿಂಗಳು, ಆರನೆಯ ದಿನ

ಎಡಗೊಂಬಿನ ಇಸ್ಕಿಗೆ,

ಬಲಗೊಂಬಿನ ತೊಲ್ಮೆ ಬರೆಯುವುದು. ಕ್ಷೇಮ ಸಮಾಚಾರ ಕೇಳುವ ಆಸೆ ನನಗಿಲ್ಲ, ಹೇಳುವ ಕಷ್ಟ ನೀನೂ ತೆಗೆದುಕೊಳ್ಳಬೇಡ. ತಂಗಿ ಅಂತ ಬರೆಯೋದನ್ನ ಬಿಟ್ಟು ಹದಿನೆಂಟು ವರ್ಷ ಆಯಿತು. ಈಗಲೂ ಬರೆಯಲ್ಲ.

ಹೋದ ಅಮಾವಾಸ್ಯೆ ಬೆಳಿಗ್ಗೆ ಕಣಿವೆಯ ಈ ಬಾಯಲ್ಲಿ ನಾನು, ಆ ಬಾಯಲ್ಲಿ ನೀನು ಕೊಂಬು ಊದಿದೆವು, ಹುರ್ನ ಕಣಿವೆಯ ಹಿಮ ಸರಿಯಿತು, ದಾರಿ ಬಿಟ್ಟಿತು. ಸರಿ. ಆದರೆ ಅರ್ಧ ತಿಂಗಳು ತೆರೆದಿರಬೇಕಾದ ದಾರಿ ಐದೇ ದಿನಕ್ಕೆ ಯಾಕೆ ಮುಚ್ಚಿತು? ನನ್ನ ಕಡೆ ಕೊಂಬಿನಲ್ಲಿ ಕೊರತೆ ಇಲ್ಲ. ನಾನು ಊದಿದರೆ ಮೇಲಿನ ಬಂಡೆಯ ಮೇಲಿನ ಕುರಿ ಎದ್ದು ನಿಲ್ಲುತ್ತೆ. ನೀನು ಹೇಗೆ ಊದುತ್ತೀಯೋ, ಬಾಯಲ್ಲಿ ಹುಳಿ ಗಿಣ್ಣು ಇಟ್ಟುಕೊಂಡೇ ಊದುತ್ತೀಯೋ, ನಾನೇನು ಕಂಡೆ.

ವಿಷಯಕ್ಕೆ ಬರುತ್ತೇನೆ. ನನ್ನ ಮಗಳು ನವೇರಿ ಗಂಡನ ಜೊತೆ ಉಣ್ಣೆ ಮಾರೋಕೆ ನಿಮ್ಮ ಸೊಲ್ಮಕ್ಕೆ ಬಂದಳು. ತುಂಬಿದ ಬಸುರಿ, ಬೇಡ ಅಂದೆ. ಕೇಳಲಿಲ್ಲ. ಮೊಂಡುತನ ನಮ್ಮ ಮನೆತನದ್ದೇ. ಈಗ ದಾರಿ ಮುಚ್ಚಿ ಅಲ್ಲೇ ಉಣ್ಣೆಯವರ ಛತ್ರದಲ್ಲಿ ಸಿಕ್ಕಿಕೊಂಡಿದ್ದಾಳೆ. ಈ ಊರಿನ ಅರ್ಧ ಮಕ್ಕಳು ಹುಟ್ಟಿದ್ದು ನನ್ನ ಕೈಯಲ್ಲಿ, ನನ್ನ ಮಗಳ ಹೆರಿಗೆ ಮಾತ್ರ ಯಾರೋ ಕೈಲಿ ಆಗಬೇಕಂತೆ.

ಅವಳಿಗೆ ನಿನ್ನ ಮನೆ ಗೊತ್ತಿಲ್ಲ. ಗೊತ್ತಾಗೋದೂ ಬೇಡ. ಬೀದಿಯಲ್ಲಿ ಕಂಡರೆ ಮುಖ ತಿರುಗಿಸಿಕೊಂಡು ಹೋಗು. ಅಪ್ಪನ ಹೆಣಕ್ಕೆ ಬರದವಳು ನನ್ನ ಮಗಳ ಬಾಣಂತನಕ್ಕೆ ಬರೋದು ಬೇಡ. ನಿನಗಂತೂ ಹೆತ್ತು ಅಭ್ಯಾಸವೇ ಇಲ್ಲ.

ಮುಂದಿನ ಅಮಾವಾಸ್ಯೆಗೆ ಹೊತ್ತಿಗೆ ಸರಿಯಾಗಿ ಊದು. ನಾನು ನಿನಗೆ ಹೇಳೋದು ಇಷ್ಟೇ.

ತೊಲ್ಮೆ


ಸೊಲ್ಮ
ಬೂದಿ ತಿಂಗಳು, ಒಂಬತ್ತನೆಯ ದಿನ

ಬಲಗೊಂಬಿನ ಮಹಾತಾಯಿಗೆ,

ನಿನ್ನ ಕಾಗದ ತಂದ ಕಾಗೆ ಬಂದ ಕೂಡಲೇ ನನ್ನ ಬೆಣ್ಣೆ ಗಡಿಗೆ ಮೇಲೆ ಬಿತ್ತು. ಒಂದು ಉಂಡೆ ಬೆಣ್ಣೆ ತಿನ್ನಿಸಿ ಕಳಿಸೋಕೂ ನಿನ್ನ ಕೈ ಮುಂದೆ ಬರಲ್ಲ ಅಲ್ವಾ? ಪಾಪ, ಬೆಟ್ಟದ ಕಾಗೆಯ ಆ ಕೆಂಪು ಕಾಲೆಲ್ಲ ಬಿಳಿಚಿಕೊಂಡಿತ್ತು.

ತಡವಾಯಿತು ಕಣಕ್ಕ. ನಿನ್ನ ಮಗಳು ನಾಲ್ಕು ದಿನದಿಂದ ನನ್ನ ಮನೆಯಲ್ಲೇ ಇದ್ದಾಳೆ. ನಾನು ಕರೆಯಲಿಲ್ಲ. ಅವಳೇ ಬಾಗಿಲಿಗೆ ಬಂದು ನಿಂತು ನನ್ನನ್ನು ಮೇಲಿಂದ ಕೆಳಗೆ ನೋಡಿದಳು. "ಚಿಕ್ಕಮ್ಮ, ಅಮ್ಮ ಹೇಳಿದ ಹಾಗೆ ನಿಮಗೆ ಹಲ್ಲೆಲ್ಲ ಉದುರಿಲ್ವಲ್ಲ!" ಅಂದಳು. ನಗಬಾರದು ಅಂದುಕೊಂಡೆ, ನಕ್ಕುಬಿಟ್ಟೆ. ಮೂಗು ನಿನ್ನದೇ, ಪಾಪ. ಬಾಯಿ ಮಾತ್ರ ನಮ್ಮ ಅಪ್ಪನದು.

ಛತ್ರದಲ್ಲಿ ಉಣ್ಣೆ ಮೂಟೆಗಳ ನಡುವೆ ಬಸುರಿ ಮಲಗೋದಾ? ನಾನೇನು ನೀನಾ? ನನ್ನ ಮಂಚ ಅವಳಿಗೆ ಬಿಟ್ಟಿದ್ದೇನೆ. ಅವಳ ಗಂಡ ಗಾರುನ್ ಒಲೆ ಪಕ್ಕ ಮಲಗ್ತಾನೆ. ಗೊರಕೆ ಹೊಡೀತಾನೆ, ಆದರೆ ಸೌದೆ ಚೆನ್ನಾಗಿ ಸೀಳ್ತಾನೆ. ಜವೆ ಗಂಜಿ, ಹೊಗೆಯಲ್ಲಿ ಒಣಗಿಸಿದ ಮೇಕೆ ಮಾಂಸ, ಏನು ಮಾಡಿಟ್ಟರೂ ನವೇರಿ ತಿಂತಾಳೆ. ನಿನ್ನ ಅಡುಗೆಯ ರುಚಿ ಗೊತ್ತಿರೋದರಿಂದ ನನಗೆ ಆಶ್ಚರ್ಯ ಆಗಲಿಲ್ಲ.

ಈಗ ಕೋಪ ಬದಿಗಿಟ್ಟು ಓದು. ನಮ್ಮ ಸೂಲಗಿತ್ತಿ ಅಜ್ಜಿ ಹೊಟ್ಟೆ ಮುಟ್ಟಿ ನೋಡಿದಳು. ಕೂಸು ಅಡ್ಡ ತಿರುಗಿದೆಯಂತೆ. "ನನ್ನ ಕಣ್ಣೂ ಹೋಯ್ತು, ಬೆರಳೂ ಹೋಯ್ತು. ಅಡ್ಡ ಕೂಸನ್ನ ತಿರುಗಿಸೋದು ಈ ಬೆಟ್ಟಗಳಲ್ಲಿ ಒಬ್ಬಳಿಗೇ ಗೊತ್ತು. ತೆವ್ರಿಯ ತೊಲ್ಮೆ ಬರಲಿ, ಇಲ್ಲದಿದ್ದರೆ ತಾಯಿಯೂ ಉಳಿಯಲ್ಲ, ಮಗುವೂ ಉಳಿಯಲ್ಲ" ಅಂದಳು. ನಿನ್ನ ಹೆಸರು ಕೇಳಿ ನನಗೆ ಮೈ ಉರೀತು, ಆದರೂ ಇದ್ದದ್ದನ್ನು ಇದ್ದ ಹಾಗೆ ಬರೆದಿದ್ದೇನೆ.

ನೋವು ಅಮಾವಾಸ್ಯೆ ಕಳೆದ ಮೇಲೆ ಬರುತ್ತೆ ಅಂತಾಳೆ ಅಜ್ಜಿ. ಅಮಾವಾಸ್ಯೆ ಬೆಳಿಗ್ಗೆ ಕೊಂಬು ಊದಿದ ಕೂಡಲೇ ಹೊರಟು ಬಾ. ನಾನು ಊದ್ತೀನಿ. ಅಪ್ಪ ಸತ್ತಾಗ ನೀನು ಮಾಡಿದ ಹಾಗೆ ನಾನು ಮಾಡಲ್ಲ. ಆ ಬೆಳಿಗ್ಗೆ ನಾನು ಕಣಿವೆ ಬಾಯಲ್ಲಿ ನಿಂತು ಉಸಿರು ಹೋಗೋವರೆಗೆ ಊದಿದೆ. ಹಿಮ ಕದಲಲಿಲ್ಲ. ಯಾಕೆ ಅಂದರೆ ನೀನು ನಿನ್ನ ಕೊಂಬು ಮುಟ್ಟಿರಲಿಲ್ಲ. ಒಬ್ಬಳೇ ಬೆಂಕಿ ಇಟ್ಟು, ಇಬ್ಬರಿಗೂ ಸೇರಬೇಕಾದ ಅಪ್ಪನ ಕಂಬಳಿ ಒಬ್ಬಳೇ ಹೊದ್ದುಕೊಂಡೆ. ಅದು ಇನ್ನೂ ಬೆಚ್ಚಗಿದೆಯಾ?

ಇಸ್ಕಿ


ತೆವ್ರಿ
ಬೂದಿ ತಿಂಗಳು, ಹದಿಮೂರನೆಯ ದಿನ

ಇಸ್ಕೀ,

ನಿನ್ನ ಕಾಗದ ಮೂರು ಸಲ ಓದಿದೆ. ಬೈಯೋಣ ಅಂತ ಕೂತೆ. ಬೈಗುಳ ಬರಲಿಲ್ಲ.

ಅವಳಿಗೆ ನಿನ್ನ ಮಂಚ ಬಿಟ್ಟುಕೊಟ್ಟೆಯಂತೆ. ಮಾಂಸ ಬೇಯಿಸಿ ಹಾಕ್ತೀಯಂತೆ. ನಾನು ಬರೆದ ಮೊದಲ ಕಾಗದ ನೆನೆಸಿಕೊಂಡರೆ ನನಗೇ ನಾಚಿಕೆ ಆಗುತ್ತೆ. ಹೆತ್ತು ಅಭ್ಯಾಸ ಇಲ್ಲ ಅಂದೆನಲ್ಲ, ಆ ಮಾತು ಬರೆದ ಕೈ ಮುರೀಲಿ. ಅವಳನ್ನು ಎಡಮಗ್ಗುಲಿಗೆ ಮಲಗಿಸು. ಬಿಸಿ ಎಣ್ಣೆಯಲ್ಲಿ ಸೊಂಟ ಉಜ್ಜು, ಹೊಟ್ಟೆ ಮುಟ್ಟಬೇಡ. ಮೆಟ್ಟಿಲು ಹತ್ತೋಕೆ ಬಿಡಬೇಡ. ಹೆದರಿದರೆ ಅವಳು ಹರಟೆ ಜಾಸ್ತಿ ಹೊಡೀತಾಳೆ, ಸುಮ್ಮನೆ ಕೇಳಿಸಿಕೊ.

ಅಪ್ಪನ ವಿಷಯ. ಆ ಬೆಳಿಗ್ಗೆ ನಾನು ಊದಿದೆ ಅಂತ ನನಗೆ ಗೊತ್ತು, ನಮ್ಮ ಊರಿಗೆ ಗೊತ್ತು. ನೀನು ಊದಲಿಲ್ಲ. ಕಣಿವೆ ಆಚೆಗೆ ಮದುವೆ ಮಾಡಿ ಕೊಟ್ಟರು ಅಂತ ಅಪ್ಪನ ಮೇಲೆ ನಿನಗೆ ಮುನಿಸಿತ್ತು. ಮೂರು ಚಳಿಗಾಲ ನಾನೊಬ್ಬಳೇ ಅವರ ಮಲ ಮೂತ್ರ ಬಾಚಿದೆ, ಕೊನೆಗೆ ಹೆಣವನ್ನೂ ನಾನೊಬ್ಬಳೇ ಹೊತ್ತೆ. ಮೂರನೇ ಸೂರ್ಯ ಹುಟ್ಟೋದರೊಳಗೆ ಸುಡಬೇಕು ಅನ್ನೋದು ನಿನಗೂ ಗೊತ್ತು, ಎಲ್ಲಿಯವರೆಗೆ ಕಾಯಲಿ? ಇಷ್ಟು ವರ್ಷ ಅದನ್ನೇ ಹಿಡಿದುಕೊಂಡಿದ್ದೆ. ಈಗ ಬಿಟ್ಟೆ. ನಿಜವಾಗಿ ಬಿಟ್ಟೆ. ನನ್ನ ಮಗಳನ್ನು ಒಳಗೆ ಕರೆದುಕೊಂಡವಳ ಮೇಲೆ ನನಗೆ ಹಗೆ ಇಲ್ಲ.

ಅಮಾವಾಸ್ಯೆ ಬೆಳಿಗ್ಗೆ ಚೀಲ ಕಟ್ಟಿಕೊಂಡು ಕಣಿವೆ ಬಾಯಲ್ಲಿ ನಿಂತಿರುತ್ತೇನೆ. ಕಾಗೆಗೆ ಎರಡು ಉಂಡೆ ಬೆಣ್ಣೆ ತಿನ್ನಿಸಿದ್ದೇನೆ.

ನಿನ್ನ ಅಕ್ಕ,
ತೊಲ್ಮೆ


ಸೊಲ್ಮ
ಕಲ್ಲು ತಿಂಗಳು, ಮೊದಲನೆಯ ದಿನ

ತೊಲ್ಮೆಗೆ,

ಥೂ ನಿನ್ನ! ಎಷ್ಟು ಚೆನ್ನಾಗಿ ನನ್ನ ಕಿವಿ ಮೇಲೆ ಹೂವಿಟ್ಟೆ! "ಬಿಟ್ಟೆ, ಹಗೆ ಇಲ್ಲ, ನಿನ್ನ ಅಕ್ಕ." ಬೆಣ್ಣೆಯಂಥ ಮಾತು ಬರೆದು ಕಳಿಸಿ, ನಿನ್ನೆ ಬೆಳಿಗ್ಗೆ ಕಾಲು ಚಾಚಿ ಮಲಗಿದ್ದೆಯಾ?

ಸೂರ್ಯನ ಅಂಚು ಕಂಡ ಕೂಡಲೇ ನಾನು ಊದಿದೆ. ಊರಿನ ನಾಯಿಗಳೆಲ್ಲ ಬೊಗಳಿದವು. ಹಿಮ ಒಂದು ಹಿಡಿಯಷ್ಟೂ ಕದಲಲಿಲ್ಲ. ಮತ್ತೆ ಊದಿದೆ. ಕೊಂಬಿನೊಳಗೆ ನನ್ನ ಎಂಜಲು ಹೆಪ್ಪುಗಟ್ಟಿತು. ಅಪ್ಪ ಸತ್ತಾಗ ಹೇಗೆ ಬಿಳಿ ಗೋಡೆ ನೋಡ್ತಾ ನಿಂತಿದ್ದೆನೋ ಹಾಗೇ ನಿಂತಿದ್ದೆ. ಅವತ್ತು ಸತ್ತವರಿಗೆ ಮಾಡಿದೆ, ಇವತ್ತು ಬದುಕಿರೋ ಮಗಳಿಗೇ ಮಾಡಿದೆಯಲ್ಲ. ನೀನು ಎಂಥ ಹೆಂಗಸೇ?

ನವೇರಿ ಕೇಳ್ತಾಳೆ, "ಚಿಕ್ಕಮ್ಮ, ಅಮ್ಮ ಹೊರಟಿರ್ತಾಳಾ?" ಅಂತ. ಏನು ಹೇಳಲಿ? ಸೊಂಟ ಹಿಡೀತಿದೆ ಅಂತಿದ್ದಾಳೆ.

ಇಸ್ಕಿ


ತೆವ್ರಿ
ಕಲ್ಲು ತಿಂಗಳು, ಎರಡನೆಯ ದಿನ

ತಂಗೀ,

ನಾನು ಊದಿದೆ. ಅಪ್ಪನಾಣೆ, ನವೇರಿಯಾಣೆ ಊದಿದೆ. ತುಟಿ ಒಡೆದು ರಕ್ತ ಕೊಂಬಿನ ಬಾಯಿಗೆಲ್ಲ ಮೆತ್ತಿದೆ. ಹಿಮ ಕದಲದೆ ಇದ್ದಾಗ ಕೈಯಲ್ಲೇ ಬಗೆಯೋಕೆ ಹೋದೆ, ಜನ ಎಳೆದುಕೊಂಡು ಬಂದರು. ಯಾವ ತಾಯಿ ಊದದೆ ಇರ್ತಾಳೆ, ನೀನೇ ಹೇಳು.

ನೀನು ಊದಿಲ್ಲ ಅಂತಲೂ ನಾನು ಹೇಳಲ್ಲ. ಏನೋ ತಡವಾಗಿರಬೇಕು, ಕೊಂಬು ಒದ್ದೆಯಾಗಿರಬೇಕು. ನಿನ್ನ ಮೇಲೆ ಕೋಪ ಇಲ್ಲ. ಅಪ್ಪ ಹೇಳ್ತಿದ್ದರಲ್ಲ, "ಒಂದೇ ಗೂಳಿಯ ಕೊಂಬು ಇವು. ಇಬ್ಬರೂ ಒಂದೇ ಹೊತ್ತಿಗೆ, ಒಂದೇ ಮನಸ್ಸಿಂದ ಊದಬೇಕು" ಅಂತ. ಒಂದು ಸಲ ತೆರೆದು ಮುಚ್ಚಿದ ದಾರಿ ಮುಂದಿನ ಅಮಾವಾಸ್ಯೆವರೆಗೆ ತೆರೆಯಲ್ಲ, ಆದರೆ ಈ ಸಲ ತೆರೆದೇ ಇಲ್ಲವಲ್ಲ, ಊದಿದ ಕೊಂಬು ಒಲೆ ಮುಂದೆ ಒಣಗಿದ ಮೇಲೆ ಯಾವ ಬೆಳಿಗ್ಗೆ ಬೇಕಾದರೂ ಊದಬಹುದು. ಆರನೆಯ ದಿನಕ್ಕೆ ಎರಡೂ ಒಣಗಿರುತ್ತವೆ. ಅವತ್ತು ಊದು ಇಸ್ಕೀ. ಕಾಲಿಗೆ ಬೀಳ್ತೀನಿ. ಬೇಕಾದರೆ ಅಪ್ಪನ ಕಂಬಳಿ ತಗೋ, ಮೇಕೆ ಮಂದೆ ತಗೋ, ಬಲಗೊಂಬನ್ನೇ ತಗೋ. ನನ್ನ ಮಗಳು ಉಳೀಲಿ.

ನಿನ್ನ ಅಕ್ಕ,
ತೊಲ್ಮೆ


ಸೊಲ್ಮ
ಕಲ್ಲು ತಿಂಗಳು, ಮೂರನೆಯ ದಿನ

ತೊಲ್ಮೆಗೆ,

ಅಳಬೇಡ, ನನಗೆ ಹೇಸಿಗೆ ಆಗುತ್ತೆ. ಒಡೆದ ತುಟಿಯಂತೆ, ಕಾಲಿಗೆ ಬೀಳೋದಂತೆ. ನಿನ್ನ ಕಾಗದ ಎರಡನ್ನೂ ಒಲೆಗೆ ಹಾಕಿದೆ. ಚೆನ್ನಾಗಿ ಉರಿದವು.

ನಿಜ ಬೇಕಾ? ತಗೋ. ಅಮಾವಾಸ್ಯೆ ಬೆಳಿಗ್ಗೆ ನಾನು ಊದಲಿಲ್ಲ. ಕಂಬಳಿ ಹೊದ್ದು ಮಲಗಿದ್ದೆ. ನೀನು ಅಲ್ಲಿ ಒಬ್ಬಳೇ ಊದ್ತಾ ಇರ್ತೀಯ ಅಂತ ನೆನೆಸಿಕೊಂಡು ನಕ್ಕೆ. ಅಪ್ಪ ಸತ್ತಾಗಲೂ ಊದಿರಲಿಲ್ಲ. ಹದಿನೆಂಟು ವರ್ಷದಿಂದ ನೀನು ಊರೆಲ್ಲ ಹೇಳಿಕೊಂಡು ತಿರುಗಿದ್ದೆಲ್ಲ ಸರಿಯೇ. ಮುದುಕ ನನ್ನನ್ನು ಕಣಿವೆ ಆಚೆ ಎಸೆದ, ನಾನು ಅವನ ಹೆಣ ಮುಟ್ಟಲಿಲ್ಲ. ಲೆಕ್ಕ ಸರಿಹೋಯಿತು.

ನಿನ್ನ ಮಗಳು ಇಡೀ ದಿನ "ಅಮ್ಮಾ ಅಮ್ಮಾ" ಅಂತ ಕಿರುಚಿ ನನ್ನ ತಲೆ ತಿಂದಳು. ನಿನ್ನೆ ಅವಳನ್ನು ಮೇಕೆ ಕೊಟ್ಟಿಗೆಗೆ ದಬ್ಬಿದೆ. ಮಂಚ ನನ್ನದು, ನನಗೆ ಬೇಕು. ಹೆರೋದಾದರೆ ಮೇಕೆಗಳ ಜೊತೆ ಹೆರಲಿ, ಅವಕ್ಕೆ ನಿನಗಿಂತ ಚೆನ್ನಾಗಿ ಗೊತ್ತು. ಅಳಿಯ ಬಾಯಿ ಮಾಡಿದ, ಅವನನ್ನೂ ಆಚೆ ಹಾಕಿದೆ.

ಆರನೆಯ ದಿನ ಬೆಳಿಗ್ಗೆ ಊದ್ತೀನಿ. ನಿನಗೋಸ್ಕರ ಅಲ್ಲ. ನನ್ನ ಕೊಟ್ಟಿಗೆಯಲ್ಲಿ ಹೆಣ ಬೇಡ ಅಂತ. ಬಂದು ನಿನ್ನ ವಸ್ತು ಹೊತ್ತುಕೊಂಡು ಹೋಗು.

ಇಸ್ಕಿ


ತೆವ್ರಿ
ಕಲ್ಲು ತಿಂಗಳು, ನಾಲ್ಕನೆಯ ದಿನ

ಇಸ್ಕಿ,

ನನ್ನ ಜೀವಮಾನದಲ್ಲಿ ಒಂದೇ ಒಂದು ಸಲ ನಿನ್ನನ್ನು ನಂಬಿದೆ. ಅದಕ್ಕೆ ಈ ಶಿಕ್ಷೆ.

ಬರ್ತಿದ್ದೀನಿ. ಊದೋವಾಗ ನಿನ್ನ ಮುಖವನ್ನೇ ನೆನೆಸಿಕೊಂಡು ಊದ್ತೀನಿ. ನನ್ನ ಮಗಳಿಗೆ ಏನಾದರೂ ಆಗಿದ್ದರೆ ಆ ಕೊಟ್ಟಿಗೆಗೆ ನಿನ್ನನ್ನು ಒಳಗೆ ಹಾಕಿ ಬೆಂಕಿ ಇಡ್ತೀನಿ. ಬೆಂಕಿ ಇಡೋದು ನನಗೆ ಅಭ್ಯಾಸ ಇದೆ ಅಂತ ನೀನೇ ಹೇಳ್ತಿದ್ದೆಯಲ್ಲ.

ತೊಲ್ಮೆ


ತೆವ್ರಿ
ಕಲ್ಲು ತಿಂಗಳು, ಇಪ್ಪತ್ತೊಂದನೆಯ ದಿನ

ಇಸ್ಕೀ,

ದಾರಿ ಮುಚ್ಚೋ ಹಿಂದಿನ ದಿನ ಮನೆ ಸೇರಿದೆ. ಬೇರೆ ಕೆಲಸ ಯಾವುದೂ ಕೈಗೆ ಹತ್ತುತ್ತಿಲ್ಲ. ನನಗೆ ಹುಚ್ಚು ಹಿಡಿಯೋ ಮೊದಲು ಉತ್ತರ ಬರಿ.

ಆ ಬೆಳಿಗ್ಗೆ ಕೊಂಬು ಬಾಯಿಗೆ ಇಟ್ಟದ್ದಷ್ಟೇ. ಹಿಮ ಹಿಂದೆಂದೂ ಹಾಗೆ ಸರಿದದ್ದು ನಾನು ನೋಡಿಲ್ಲ. ಎದ್ದ ದನ ಮೈ ಕೊಡವಿದ ಹಾಗೆ ಎರಡೂ ಕಡೆಗೆ ಬಿತ್ತು, ಕೆಳಗಿನ ಹಸಿರು ಪಾಚಿ ಕಾಣಿಸಿತು. ಓಡಿದೆ. ಈ ವಯಸ್ಸಿನಲ್ಲಿ ಓಡಿದೆ. ದಾರಿಯುದ್ದಕ್ಕೂ ನಿನ್ನನ್ನು ಬೈದ ಬೈಗುಳ ಕಾಗದದಲ್ಲಿ ಬರೆಯುವಂಥದ್ದಲ್ಲ. ನಿನ್ನ ಬಾಗಿಲಿಗೆ ಬಂದಾಗ ನೀನೇ ಎದುರಿಗೆ ನಿಂತಿದ್ದೆ. ಹದಿನೆಂಟು ವರ್ಷದ ಮೇಲೆ ನೋಡಿದ್ದು. ಕಪಾಳಕ್ಕೆ ಬಾರಿಸಿದೆ. ನೀನು ಕೆನ್ನೆ ಹಿಡಿದುಕೊಂಡು, "ಒಳಗಿದ್ದಾಳೆ, ಹೋಗು" ಅಂದೆ.

ಒಳಗೆ ನಿನ್ನ ಮಂಚ. ಅದರ ಮೇಲೆ ನನ್ನ ಮಗಳು, ಎಡಮಗ್ಗುಲಿಗೆ ಮಲಗಿದ್ದಾಳೆ. ಬಿಸಿ ಎಣ್ಣೆಯ ಬಟ್ಟಲು ಪಕ್ಕದಲ್ಲಿದೆ. ಒಲೆ ಉರೀತಿದೆ, ಅಳಿಯ ನೀರು ಕಾಯಿಸ್ತಿದ್ದಾನೆ. ಅವಳು ನೋವಿನ ನಡುವೆಯೂ "ಅಮ್ಮಾ, ಚಿಕ್ಕಮ್ಮನಿಗೆ ಯಾಕೆ ಹೊಡೆದೆ?" ಅಂದಳು. ಕೈ ತೊಳೆದುಕೊಂಡು ಅವಳ ಪಕ್ಕ ಕೂತೆ. ಆಮೇಲೆ ಕೂಸಿನ ಕೆಲಸ. ತಿರುಗಿಸೋಕೆ ಮಧ್ಯಾಹ್ನ ದಾಟಿತು. ಹೆಣ್ಣು. ಅತ್ತಿತು. ಹೊರಗೆ ಬಂದು ನೋಡಿದರೆ ನೀನಿಲ್ಲ.

ಮೇಕೆ ಕೊಟ್ಟಿಗೆಯಲ್ಲಿ ಹಾಸಿಗೆ ಹಾಕಿಕೊಂಡು ಮಲಗೋದು ಯಾರು ಅಂತ ಗಾರುನ್ ಹೇಳಿದ. ಅವಳಿಗೆ ಮಂಚ ಕೊಟ್ಟ ದಿನದಿಂದ ನೀನೇ ಅಂತೆ. ನಾನು ಇದ್ದಷ್ಟು ದಿನವೂ ನನ್ನ ಎದುರಿಗೆ ಬರಲಿಲ್ಲ. ಗಂಜಿ ಹೊಸ್ತಿಲಲ್ಲಿ ಇಟ್ಟು ಹೋಗ್ತಿದ್ದೆ. ಕೊಟ್ಟಿಗೆ ಬಾಗಿಲು ತಟ್ಟಿದೆ, ಒಳಗಿಂದ ಅಗಳಿ ಹಾಕಿಕೊಂಡೆ. ಇಬ್ಬರೂ ಮುದುಕಿಯರಾಗ್ತಿದ್ದೀವಿ, ನಡುವೆ ಒಂದು ಹಲಗೆ ಬಾಗಿಲು, ಅತ್ತಿತ್ತ ಮೇಕೆ. ಇಲ್ಲಿ ತೆವ್ರಿಯಲ್ಲಿ ಮೇಲಿನ ಬೀದಿಯ ಮನೆಯೊಂದರ ಸೊಸೆಗೆ ದಿನ ತುಂಬಿತ್ತು, ನಿಲ್ಲೋಕಾಗಲಿಲ್ಲ. ನಮ್ಮ ಪದ್ಧತಿಯಲ್ಲಿ ಕುರಿಗಳು ಮರಿ ಹಾಕುವ ಕಾಲದವರೆಗೆ ಹಸುಗೂಸು ಕಣಿವೆ ದಾಟಬಾರದು. ಹಾಗಾಗಿ ಮಗಳನ್ನೂ ಮೊಮ್ಮಗಳನ್ನೂ ನಿನ್ನ ಹತ್ತಿರವೇ ಬಿಟ್ಟು ಬಂದೆ.

ಯಾಕೆ ಹಾಗೆ ಬರೆದೆ? ನನ್ನ ಕೈಯಲ್ಲಿ ಏಟು ತಿಂದೆ, ಆಗಲೂ ನಿಜ ಹೇಳಲಿಲ್ಲ. ನನಗೆ ಎಷ್ಟು ಸಿಟ್ಟು ಬಂದಿದೆ ಗೊತ್ತಾ? ಸುಳ್ಳಿ, ಕಳ್ಳಿ. ಒಂದು ಮಾತು ಹೇಳು. ಅಪ್ಪ ಸತ್ತ ಬೆಳಿಗ್ಗೆ ನೀನು ಊದಿದ್ದೆಯಾ, ಇಲ್ಲವಾ?

ತೊಲ್ಮೆ


ಸೊಲ್ಮ
ಕಲ್ಲು ತಿಂಗಳು, ಇಪ್ಪತ್ತನಾಲ್ಕನೆಯ ದಿನ

ಅಕ್ಕಾ,

ಊದಿದ್ದೆ. ನೀನೂ ಊದಿದ್ದೆ.

ನಿನ್ನ ಅಳುಮುಂಜಿ ಕಾಗದ ಬಂದಾಗ ನಾನು ಗಟ್ಟಿಯಾಗಿ ಬೈತಾ ಓದ್ತಿದ್ದೆ. "ಊದಿದಳಂತೆ, ತುಟಿ ಒಡೀತಂತೆ, ಸುಳ್ಳಿ" ಅಂತ. ಗಾರುನ್ ಸೌದೆ ಇಡ್ತಾ, "ಚಿಕ್ಕಮ್ಮ, ನೀವು ಊದಿದ್ದನ್ನ ನಾನೇ ಕೇಳಿದೆ. ಅತ್ತೆ ನವೇರಿಗೋಸ್ಕರ ಊದದೆ ಇರೋ ಜನವಾ?" ಅಂದ. ಅವನು ಹೇಳಿದ್ದು ನಿಜ. ಇಬ್ಬರೂ ಊದಿದೀವಿ, ಹಿಮ ಸರಿದಿಲ್ಲ. ಹಾಗಾದರೆ ಅಪ್ಪ ಸತ್ತಾಗಲೂ? ಕಾಗದದಲ್ಲಿ ನೀನು ಅಪ್ಪನ ಮಾತು ಬರೆದಿದ್ದೆಯಲ್ಲ, ಅದನ್ನ ಮತ್ತೆ ಓದಿದೆ.

ಅಪ್ಪ ಒಂದೇ ಮನಸ್ಸು ಅಂದದ್ದನ್ನ ನಾವು ಒಳ್ಳೆ ಮನಸ್ಸು ಅಂತ ಅಂದುಕೊಂಡಿದ್ವಿ. ಕೊಂಬಿಗೆ ಒಳ್ಳೇದು ಕೆಟ್ಟದ್ದು ಏನೂ ಗೊತ್ತಿಲ್ಲ ಕಣೆ. ಎರಡು ಕಡೆಯೂ ಒಂದೇ ಇರಬೇಕು, ಅಷ್ಟೇ. ಹದಿನೆಂಟು ವರ್ಷ ಪ್ರತಿ ಚಳಿಗಾಲ ದಾರಿ ತೆರೆದದ್ದು ನಮ್ಮ ಹಗೆ. ನಿನ್ನದೂ ನನ್ನದೂ ಒಂದು ಕೂದಲು ಹೆಚ್ಚು ಕಡಿಮೆ ಇರಲಿಲ್ಲ, ಅಕ್ಕ ತಂಗಿ ಅಲ್ವಾ. ಬೂದಿ ತಿಂಗಳ ಮೊದಲಲ್ಲಿ ನಿನ್ನ ಕಡೆ ಮಗಳ ಚಿಂತೆ ಬೆರೆತಿರಬೇಕು, ಅದಕ್ಕೇ ದಾರಿ ಐದೇ ದಿನಕ್ಕೆ ಮುಚ್ಚಿತು. ಈ ಸಲ ನೀನು ಕರಗಿ ಕಾಗದ ಬರೆದೆ, ನಾನು ಇನ್ನೂ ಹಲ್ಲು ಕಡೀತಾ ಊದಿದೆ. ಕೆಟ್ಟಿತು.

ಅಪ್ಪ ಸತ್ತ ದಿನ ನಾನು ಅಳ್ತಾ ಊದಿದೆ. ನಿನಗೆ ಅವತ್ತು ಅಳು ಬಂದಿರಲಿಲ್ಲ ಅಲ್ವಾ? ಮೂರು ಚಳಿಗಾಲ ಬಾಚಿದವಳಿಗೆ ಸಾಕಪ್ಪ ಮುಗೀತು ಅನ್ನಿಸಿರಬೇಕು. ಅನ್ನಿಸಿದ್ದರೆ ತಪ್ಪಿಲ್ಲ. ನಾನು ಅಲ್ಲಿದ್ದು ಬಾಚಿದ್ದರೆ ನನಗೂ ಅನ್ನಿಸ್ತಿತ್ತು.

ಈ ನಿಜವನ್ನೇ ಆವಾಗ ಬರೀಬಹುದಿತ್ತಲ್ಲ ಅಂತ ಕೇಳ್ತೀಯ. ಬರೆಯೋಕೆ ಕೂತೆ. ನವೇರಿ ಒಳಗೆ ಬಂದು ಬಂದು ಹೋಗೋ ನೋವಿಗೆ ಗೋಡೆ ಕೆರೀತಿದ್ದಳು. ಈ ಸುದ್ದಿ ಓದಿ ನಿನ್ನ ಮನಸ್ಸು ಎಲ್ಲಿ ನಿಲ್ಲುತ್ತೋ, ನನ್ನದು ಎಲ್ಲಿ ನಿಲ್ಲುತ್ತೋ, ಯಾರಿಗೆ ಗೊತ್ತು? ತಪ್ಪಿದರೆ ಇನ್ನೊಂದು ಸಲ ಕೊಂಬು ಒಣಗೋವರೆಗೆ ಅವಳು ಉಳೀತಿರಲಿಲ್ಲ. ನಮ್ಮಿಬ್ಬರಿಗೂ ತಪ್ಪಿಲ್ಲದೆ ಬರೋದು ಒಂದೇ ವಿದ್ಯೆ, ಹಗೆ. ಅದನ್ನೇ ನಂಬಿ, ನಿನಗೆ ಎಲ್ಲಿ ನೋಯುತ್ತೋ ಅಲ್ಲಿಗೇ ಬರೆದೆ. ಅಪ್ಪನಿಗೆ ಊದಲಿಲ್ಲ ಅಂತ ಬರೆಯೋವಾಗ ಮಾತ್ರ ಕೈ ಓಡಲಿಲ್ಲ. ಇಷ್ಟು ವರ್ಷ ಅದೊಂದನ್ನೇ ಇಲ್ಲ ಇಲ್ಲ ಅಂತ ಹೇಳಿಕೊಂಡು ಬದುಕಿದ್ದೆ.

ಕಾಗೆ ಹಾರಿಹೋದ ಮೇಲೆ ನನಗೆ ಹೆದರಿಕೆ ಶುರುವಾಯಿತು. ನಿನಗೆ ಬೆಂಕಿಯಂಥ ಕೋಪ ಬರುತ್ತೆ, ಸರಿ. ನನ್ನ ಕಡೆ? ನಿನ್ನ ಮೇಲೆ ಕೋಪ ತರಿಸಿಕೊಳ್ಳೋಕೆ ಕೂತರೆ ಬರ್ತಾನೇ ಇಲ್ಲ. ನಿನ್ನ ಮೂಗು ನೆನೆಸಿಕೊಂಡೆ, ನಿನ್ನ ಅಡುಗೆ ನೆನೆಸಿಕೊಂಡೆ, ಚಿಕ್ಕವರಿದ್ದಾಗ ನನ್ನ ಜಡೆ ಕತ್ತರಿಸಿದ್ದನ್ನೂ ನೆನೆಸಿಕೊಂಡೆ. ಏನೂ ಇಲ್ಲ. ಆರನೆಯ ದಿನ ಬೆಳಗಾಯಿತು, ಕಣಿವೆ ಬಾಯಲ್ಲಿ ಕೊಂಬು ಹಿಡಿದು ನಿಂತಿದ್ದೆ.

ಆಗ ನೆನಪಾಯಿತು, ನೀನು ನನ್ನ ಮುಖ ನೆನೆಸಿಕೊಂಡು ಊದ್ತೀನಿ ಅಂತ ಬರೆದಿದ್ದು. ನಾನೂ ಅದೇ ಮುಖ ನೆನೆಸಿಕೊಂಡೆ. ಒಬ್ಬಳೇ ಹೆಣ ಹೊತ್ತ ಅಕ್ಕನನ್ನು ಹದಿನೆಂಟು ವರ್ಷ ಕಳ್ಳಿ ಅಂದವಳ ಮುಖ. ಒಂದು ಸಲವೂ ಬೇಸಿಗೆಯಲ್ಲಿ ಕಣಿವೆ ದಾಟಿ ಬಂದು "ಏನಾಯ್ತು ಹೇಳೇ" ಅಂತ ಕೇಳದವಳ ಮುಖ. ಬಂತು ನೋಡು ಕೋಪ! ಆ ಕಡೆಯಿಂದ ನೀನು ಇಸ್ಕಿಯನ್ನು ಶಪಿಸ್ತಾ ಊದಿದೆ, ಈ ಕಡೆಯಿಂದ ನಾನೂ ಅವಳನ್ನೇ ಶಪಿಸ್ತಾ ಊದಿದೆ. ಹಿಮ ಹಾಗೆ ಸರಿದದ್ದು ಅದಕ್ಕೇ. ನೀನು ಬಂದು ಹೊಡೆದಾಗ ನನಗೆ ಒಳ್ಳೇದೇ ಅನ್ನಿಸಿತು. ಆಮೇಲೆ ನಿನ್ನ ಎದುರು ಬರೋಕೆ ಮುಖ ಇರಲಿಲ್ಲ, ಅದಕ್ಕೇ ಅಗಳಿ ಹಾಕಿಕೊಂಡೆ.

ಕೂಸು ಚೆನ್ನಾಗಿದೆ. ಹಾಲು ಕುಡೀತಾ ಗುರುಗುಟ್ಟುತ್ತೆ, ನಿನ್ನ ಹಾಗೆ. ನೀನು ಬರೋವರೆಗೆ ಹೆಸರಿಡಲ್ಲ ಅಂತ ನವೇರಿ ಹಟ ಹಿಡಿದಿದ್ದಾಳೆ. ಅಮಾವಾಸ್ಯೆ ಹತ್ತಿರ ಬಂತು. ಇಸ್ಕಿಯನ್ನು ಬೈಯೋಕೆ ನಿನಗೆ ಈಗ ಬರಲ್ಲ ಅಂತ ನಿನ್ನ ಕಾಗದ ನೋಡಿದರೆ ಗೊತ್ತಾಗುತ್ತೆ, ಏನೇ ಸುಳ್ಳಿ ಕಳ್ಳಿ ಅಂದರೂ. ಹಳೆ ಹಗೆ ನನ್ನ ಹತ್ತಿರವೂ ಇಲ್ಲ. ಕಾಗೆಗೆ ಬೆಣ್ಣೆ ತಿನ್ನಿಸಿ ಬೇಗ ಓಡಿಸು, ಜಿಪುಣಿ. ಊದೋವಾಗ ಏನು ನೆನೆಸಿಕೊಳ್ತೀಯ ಅಂತ ಬರೆದು ಕಳಿಸು. ನಾನೂ ಅದನ್ನೇ ನೆನೆಸಿಕೊಳ್ತೀನಿ.

ನಿನ್ನ ಕೈಲಿ ಏಟು ತಿಂದ ತಂಗಿ,
ಇಸ್ಕಿ